ಉಪ್ಪು ಕಡಿಮೆಯಾದರೆ ಉಪ್ಪಿನಕಾಯಿ ಫ್ರಿಜ್ಜಿಗೆ ಹೋಗಲಿ

‘ಡಾಕ್ಟ್ರೇ, ಬೇರೇನು ಬೇಕಾದರೂ ಬಿಡ್ತೀನಿ, ಉಪ್ಪಿನಕಾಯಿ ಮಾತ್ರ ಬಿಡಿ ಅನ್ನಬೇಡಿ.’ ರಕ್ತದೊತ್ತಡಕ್ಕೆ ಮಾತ್ರೆ ಬರೆದುಕೊಡುವಾಗಲೆಲ್ಲ ಕೇಳಿಬರುವ ಮಾತಿದು. ನಂಚಿಕೊಳ್ಳಲು ಏನೂ ಇಲ್ಲದ ಮೊಸರನ್ನ ಯಾರಿಗೆ ತಾನೇ ರುಚಿಸೀತು?

ಆದರೆ ಲೆಕ್ಕವನ್ನೂ ನೋಡಬೇಕಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಸಲಹೆಯಂತೆ ವಯಸ್ಕರಿಗೆ ದಿನಕ್ಕೆ 5 ಗ್ರಾಂಗಿಂತ ಕಡಿಮೆ ಉಪ್ಪು ಸಾಕು, ಅಂದರೆ ಒಂದು ಟೀ ಚಮಚದೊಳಗೆ. ಸಾರು, ಪಲ್ಯ, ಹಪ್ಪಳ ಎಲ್ಲವೂ ಅದರಲ್ಲೇ ಮುಗಿಯಬೇಕು. ನೂರು ಗ್ರಾಂ ಉಪ್ಪಿನಕಾಯಿಯಲ್ಲಿ 10ರಿಂದ 15 ಗ್ರಾಂ ಉಪ್ಪಿರುವುದು ಸಾಮಾನ್ಯ. ಒಂದು ದೊಡ್ಡ ಚಮಚ ಬಡಿಸಿಕೊಂಡರೆ ದಿನದ ಪಾಲಿನ ಮೂರನೇ ಒಂದರಷ್ಟು ಅಲ್ಲೇ ಮುಗಿಯಿತು.

ಇದನ್ನರಿತ ಕೆಲವರು ಮಾವಿನ ಮಿಡಿಗೇ ಉಪ್ಪು ಕಡಿಮೆ ಹಾಕಿ, ಎಂದಿನಂತೆ ಭರಣಿಯಲ್ಲಿ ಹೊರಗೇ ಇಡುತ್ತಾರೆ. ಇದು ಸರಿಯಲ್ಲ. ಉಪ್ಪು ಇರುವುದು ರುಚಿಗಷ್ಟೇ ಅಲ್ಲ, ಕಾವಲಿಗೂ ಹೌದು. ಅದು ಕಾಯಿಯ ನೀರನ್ನು ಹೊರಗೆಳೆದು ಸೂಕ್ಷ್ಮಜೀವಿಗಳು ಬೆಳೆಯದಂತೆ ತಡೆಯುತ್ತದೆ. ಕಾವಲು ತೆಗೆದರೆ ಬೂಷ್ಟು ಖಂಡಿತ. ಮೇಲಿನ ಬೂಷ್ಟು ತೆಗೆದು ಉಳಿದದ್ದನ್ನು ಬಳಸುವುದೂ ಬೇಡ. ಅದರ ವಿಷ ಕೆಳಗೂ ಇಳಿದಿರಬಹುದು.

ಉಪ್ಪು ಕಡಿಮೆ ಬೇಕೆಂದರೆ ಹುಳಿ ಮತ್ತು ತಂಪು ಎರಡನ್ನೂ ಕಾವಲಿಗೆ ನಿಲ್ಲಿಸಬೇಕು. ಕಾಲು ಕಿಲೋ ಸೌತೆಕಾಯಿ, ಕ್ಯಾರೆಟ್ ತೊಳೆದು ಹೆಚ್ಚಿ, ಸೀಳಿದ ನಾಲ್ಕು ಹಸಿಮೆಣಸಿನಕಾಯಿಯೊಡನೆ ಕುದಿನೀರಿನಲ್ಲಿ ತೊಳೆದ ಗಾಜಿನ ಬಾಟಲಿಗೆ ತುಂಬಿ. ಒಂದು ಲೋಟ ವಿನಿಗರ್, ಅರ್ಧ ಲೋಟ ನೀರು, ಎರಡು ದೊಡ್ಡ ಚಮಚ ಸಕ್ಕರೆ, ಒಂದು ಟೀ ಚಮಚ ಉಪ್ಪು, ಸ್ವಲ್ಪ ಸಾಸಿವೆ, ಕಾಳುಮೆಣಸು ಸೇರಿಸಿ ಕುದಿಸಿ, ಹೋಳು ಮುಳುಗುವಂತೆ ಸುರಿಯಿರಿ. ಆರಿದೊಡನೆ ಫ್ರಿಜ್ಜಿನಲ್ಲಿಡಿ. ಮರುದಿನಕ್ಕೆ ಸಿಹಿ-ಖಾರದ ಉಪ್ಪಿನಕಾಯಿ ಸಿದ್ಧ. ಎರಡು ವಾರದೊಳಗೆ ಮುಗಿಸಿ.

ವಿನಿಗರ್ ಅಳತೆಯನ್ನು ಮಾತ್ರ ಕಡಿಮೆ ಮಾಡಬೇಡಿ. ತೆಗೆಯುವಾಗ ಒಣ ಚಮಚ ಬಳಸಿ, ಬಾಟಲಿಯನ್ನು ಕೂಡಲೇ ಒಳಗಿಡಿ. ಸಕ್ಕರೆ ಕಾಯಿಲೆಯವರು ರಸ ಬಿಟ್ಟು ಹೋಳಷ್ಟೇ ಹಾಕಿಕೊಳ್ಳಲಿ; ಸಕ್ಕರೆ ಬದಲು ಬೆಲ್ಲ ಹಾಕಿದರೆ ಅವರಿಗೇನೂ ಲಾಭವಿಲ್ಲ. ಹೊಟ್ಟೆಹುಣ್ಣು, ಎದೆಯುರಿ ಇರುವವರಿಗೆ ಈ ಹುಳಿ ಒಗ್ಗದು.

ಅಜ್ಜಿಯ ಭರಣಿಯನ್ನು ಮನೆಯಿಂದ ಹೊರಹಾಕಿ ಎಂದು ನಾನು ಹೇಳುತ್ತಿಲ್ಲ. ಅದನ್ನು ಅಜ್ಜಿಯ ಅಳತೆಯಲ್ಲೇ ಹಾಕಿ, ಹಬ್ಬ ಹುಣ್ಣಿಮೆಗೆ ಒಂದು ಹೋಳು ಸವಿಯಿರಿ. ದಿನದ ಊಟಕ್ಕೆ ಫ್ರಿಜ್ಜಿನದು ಇರಲಿ. ಎರಡರ ವಿಧಾನವನ್ನು ಬೆರೆಸುವುದಷ್ಟೇ ಬೇಡ.