ಮೊಸಳೆ ಅಂದರೆ ಯಾವ ಮೊಸಳೆ? ಎಸ್ಪೆರಾಂಟೊದಲ್ಲಿ ಒಂದು, ಇಟಲಿಯಲ್ಲಿ ಇನ್ನೊಂದು

ಕಳೆದ ವರ್ಷ ನಮ್ಮ ಮನೆಯ ವಾಟ್ಸಾಪ್ ಗ್ರೂಪಿನಲ್ಲಿ ಎರಡು ದಿನ ಯಾರೂ ಗುಡ್ ಮಾರ್ನಿಂಗ್ ಹೂವು ಕಳಿಸಲಿಲ್ಲ. ಕಾರಣ, ವೈದ್ಯರ ಒಂದು ಚೀಟಿ.

ಅದಕ್ಕೆ ಏಳೆಂಟು ತಿಂಗಳ ಹಿಂದೆ ನಮ್ಮ ಅತ್ತೆಗೆ ಮುಖದ ಒಂದು ಬದಿ ಇದ್ದಕ್ಕಿದ್ದಂತೆ ಸೊಟ್ಟಗಾಗಿತ್ತು. ಬೆಲ್ಸ್ ಪಾಲ್ಸಿ ಎಂದರು. ನಿಧಾನಕ್ಕೆ ಸರಿಹೋಯಿತು. ಆಮೇಲೆ ಹೊಸದೊಂದು ಶುರುವಾಯಿತು. ಊಟಕ್ಕೆ ಕೂತರೆ ಸಾಕು, ಆ ಬದಿಯ ಕಣ್ಣಲ್ಲಿ ನೀರು. ಖಾರ ಜಾಸ್ತಿಯಾಯಿತೇನೋ ಅಂದುಕೊಂಡರೆ ಮೊಸರನ್ನಕ್ಕೂ ನೀರು. ತಟ್ಟೆಯ ಮುಂದೆ ಅತ್ತೆ ಕಣ್ಣೊರೆಸಿಕೊಳ್ಳುವುದನ್ನು ನೋಡಿದ ಅಕ್ಕಪಕ್ಕದವರು ಸೊಸೆಯ ಮೇಲೆ ಕಥೆ ಕಟ್ಟಿದ್ದೂ ಆಯಿತು. ಕೊನೆಗೆ ಆಸ್ಪತ್ರೆಗೆ ತೋರಿಸಿದಾಗ ವೈದ್ಯರು ಚೀಟಿಯಲ್ಲಿ ಇಂಗ್ಲಿಷಿನಲ್ಲಿ ಎರಡು ಪದ ಬರೆದರು. ನನ್ನ ಕಸಿನ್ ಅದರ ಫೋಟೊ ತೆಗೆದು ಅನುವಾದದ ಆ್ಯಪ್‌ಗೆ ಹಾಕಿದ. ಬಂದ ಉತ್ತರ: ಮೊಸಳೆ ಕಣ್ಣೀರು.

'ನಾನು ನಾಟಕ ಮಾಡ್ತೀನಿ ಅಂತ ಡಾಕ್ಟ್ರೂ ಬರೆದುಬಿಟ್ರಲ್ಲ' ಎಂದು ಅತ್ತೆ ಅಂದು ನಿಜವಾಗಿಯೂ ಅತ್ತರು. ಎರಡೂ ಕಣ್ಣಿನಿಂದ.

ಆ್ಯಪ್ ಪದಕ್ಕೆ ಪದ ಸರಿಯಾಗಿಯೇ ಇಟ್ಟಿತ್ತು. ವೈದ್ಯರೂ ಸರಿಯಾಗಿಯೇ ಬರೆದಿದ್ದರು. 1928ರಲ್ಲಿ ಬೊಗೊರಾದ್ ಎಂಬ ರಷ್ಯನ್ ವೈದ್ಯರು ವಿವರಿಸಿದ ಈ ತೊಂದರೆಗೆ ವೈದ್ಯಕೀಯದಲ್ಲಿ ಇರುವ ಹೆಸರೇ 'ಮೊಸಳೆ ಕಣ್ಣೀರು'. ಮುಖದ ನರದಲ್ಲಿ ಜೊಲ್ಲಿನ ಗ್ರಂಥಿಗೆ ಹೋಗುವ ಎಳೆಗಳೂ ಇರುತ್ತವೆ, ಕಣ್ಣೀರಿನ ಗ್ರಂಥಿಗೆ ಹೋಗುವ ಎಳೆಗಳೂ ಇರುತ್ತವೆ. ಪೆಟ್ಟಾದ ನರ ಮತ್ತೆ ಬೆಳೆಯುವಾಗ ಜೊಲ್ಲಿನ ಎಳೆಗಳು ದಾರಿತಪ್ಪಿ ಕಣ್ಣೀರಿನ ಗ್ರಂಥಿಗೆ ಸೇರಿಕೊಂಡರೆ, ಬಾಯಲ್ಲಿ ನೀರೂರಬೇಕಾದ ಹೊತ್ತಿಗೆ ಕಣ್ಣಲ್ಲೂ ನೀರು ಬರುತ್ತದೆ. ಇದರಲ್ಲಿ ದುಃಖವೂ ಇಲ್ಲ, ನಾಟಕವೂ ಇಲ್ಲ. ತೀರಾ ಕಾಡಿದರೆ ಕಣ್ಣೀರಿನ ಗ್ರಂಥಿಗೆ ಬೊಟುಲಿನಮ್ ಚುಚ್ಚುಮದ್ದು ಕೊಡುವ ಚಿಕಿತ್ಸೆ ಇದೆ. (ಮುಖ ದಿಢೀರನೆ ಸೊಟ್ಟಗಾದರೆ ಮಾತ್ರ ಅದು ಪಾಲ್ಸಿಯೋ ಪಾರ್ಶ್ವವಾಯುವೋ ಎಂದು ಮನೆಯಲ್ಲಿ ಚರ್ಚಿಸುತ್ತ ಕೂರಬೇಡಿ. ತಕ್ಷಣ ಆಸ್ಪತ್ರೆಗೆ ಹೋಗಿ.)

ಈ ಗಲಾಟೆಯ ನಂತರ ನಾನು ಮೊಸಳೆಯ ಬೆನ್ನು ಹತ್ತಿದೆ. 'ಈ ಪದಕ್ಕೆ ಆ ಭಾಷೆಯಲ್ಲಿ ಏನರ್ಥ ಗೊತ್ತಾ? ಗೊತ್ತಾದರೆ ಇನ್ನು ಬಳಸುವುದೇ ಇಲ್ಲ!' ಎನ್ನುವ ಫಾರ್ವರ್ಡ್‌ಗಳು ನಿಮಗೂ ಬಂದಿರುತ್ತವೆ. ಅವುಗಳಲ್ಲಿ ಭಾಷೆಯ ಹೆಸರಿರುತ್ತದೆ, ಆ ಭಾಷೆಯ ಯಾರು, ಎಲ್ಲಿ, ಯಾವ ಸಂದರ್ಭದಲ್ಲಿ ಹಾಗೆ ಅನ್ನುತ್ತಾರೆ ಎಂಬುದು ಇರುವುದಿಲ್ಲ. ನಮ್ಮ 'ಕಾಗೆ ಹಾರಿಸಬೇಡ' ಎಂಬ ಮಾತನ್ನು ಒಬ್ಬ ವಿದೇಶಿ ನಿಘಂಟು ಹಿಡಿದು ಓದಿದರೆ ಪಕ್ಷಿ ಸಂರಕ್ಷಣೆಯ ಸೂಚನೆ ಅಂದುಕೊಂಡಾನು.

ಮೊದಲು ಅದು ಹಲ್ಲಿಯಾಗಿತ್ತು

ಯುರೋಪಿನ ಬಹುತೇಕ ಭಾಷೆಗಳ ಮೊಸಳೆ ಬಂದಿರುವುದು ಗ್ರೀಕಿನ 'ಕ್ರೊಕೊದೆಯ್ಲೊಸ್' ಎಂಬ ಪದದಿಂದ. ಕ್ರಿ.ಪೂ. 5ನೇ ಶತಮಾನದ ಇತಿಹಾಸಕಾರ ಹೆರೊಡೋಟಸ್ ಇದರ ಬಗ್ಗೆ ಸ್ವಾರಸ್ಯದ ಸಂಗತಿ ಹೇಳುತ್ತಾನೆ. ಈಜಿಪ್ಟಿನವರು ಈ ಪ್ರಾಣಿಯನ್ನು ಬೇರೆಯೇ ಹೆಸರಿನಿಂದ ಕರೆಯುತ್ತಿದ್ದರು. ಅಲ್ಲಿಗೆ ಹೋದ ಅಯೋನಿಯಾದ ಗ್ರೀಕರಿಗೆ ನೈಲ್ ನದಿಯ ಮೊಸಳೆ ನೋಡಿದಾಗ ತಮ್ಮೂರಿನ ಕಲ್ಲುಗೋಡೆಯ ಹಲ್ಲಿಗಳು ನೆನಪಾದವು, ಅದೇ ಹೆಸರಿಟ್ಟರು. ಅಂದರೆ ಈ ಪದದ ಮೊದಲ ಅರ್ಥವೇ ಮೊಸಳೆಯಲ್ಲ!

ಲ್ಯಾಟಿನ್ ದಾಟಿ ಇಟಲಿಗೆ ಬರುವಷ್ಟರಲ್ಲಿ ಜನರ ನಾಲಿಗೆಯಲ್ಲಿ ಅದರ 'ರ'ಕಾರ ಜಾಗ ಬದಲಿಸಿತ್ತು. ಹಾಗಾಗಿ ಇಟಾಲಿಯನ್‌ನಲ್ಲಿ ಅದು 'ಕೊಕ್ಕೊದ್ರಿಲ್ಲೊ'. ಎಸ್ಪೆರಾಂಟೊದಲ್ಲಿ 'ಕ್ರೊಕೊದಿಲೊ'. ಎರಡೂ ಹತ್ತಿರದ ನೆಂಟರು, ಪ್ರಾಣಿಯ ಮಟ್ಟಿಗೆ ಅರ್ಥವೂ ಒಂದೇ. ರಂಗನತಿಟ್ಟಿನಲ್ಲಿ ಬಂಡೆಯ ಮೇಲೆ ಬಾಯಿ ತೆರೆದು ಮಲಗಿರುತ್ತದಲ್ಲ, ಅದೇ ಜಾತಿಯದು. ದಾರಿ ಬೇರೆಯಾಗುವುದು ಆಡುಮಾತಿಗೆ ಇಳಿದಾಗ.

'ಮೊಸಳೆ ಮಾಡಬೇಡ!'

ಎಸ್ಪೆರಾಂಟೊ ಯಾವ ದೇಶದ ಭಾಷೆಯೂ ಅಲ್ಲ. ಲುಡ್ವಿಕ್ ಜಾಮೆನ್‌ಹಾಫ್ ಎಂಬ ವೈದ್ಯರು ಕಟ್ಟಿದ ಭಾಷೆ. ಕಣ್ಣೀರಿನಿಂದ ಶುರುವಾದ ಈ ಬರಹದಲ್ಲಿ ಅವರು ಕಣ್ಣಿನ ವೈದ್ಯರಾಗಿದ್ದರು ಎಂಬುದನ್ನು ಹೇಳದೆ ಬಿಡಲಾರೆ. ಅವರು ಹುಟ್ಟಿದ ಬಿಯಾಲಿಸ್ಟಾಕ್ ಪಟ್ಟಣದಲ್ಲಿ ಪೋಲಿಷ್, ರಷ್ಯನ್, ಜರ್ಮನ್, ಯಿಡ್ಡಿಷ್ ಮಾತಾಡುವವರ ನಡುವೆ ಸದಾ ಅಪನಂಬಿಕೆ. ಎಲ್ಲರಿಗೂ ಸಮಾನವಾಗಿ ಎರಡನೆಯದಾಗುವ ಒಂದು ಭಾಷೆ ಇದ್ದರೆ ಯಾರೂ ಯಾರ ಮುಂದೆಯೂ ತಲೆ ತಗ್ಗಿಸಬೇಕಾಗಿಲ್ಲ ಎಂಬುದು ಅವರ ಆಸೆ. 1887ರಲ್ಲಿ ವಾರ್ಸಾದಲ್ಲಿ ಮೊದಲ ಪುಸ್ತಕ ತಂದಾಗ ಅವರು ಬಳಸಿದ ಗುಪ್ತನಾಮ 'ಡಾಕ್ಟರ್ ಎಸ್ಪೆರಾಂಟೊ'. ಆಶಿಸುವವನು ಎಂದರ್ಥ. ಆ ಹೆಸರೇ ಭಾಷೆಗೆ ಅಂಟಿತು.

ಈ ಭಾಷೆಯ ವ್ಯಾಕರಣ ಮಕ್ಕಳ ಬ್ಲಾಕ್ಸ್ ಆಟದ ಹಾಗೆ. ನಾಮಪದ 'ಒ'ಕಾರದಲ್ಲಿ ಮುಗಿಯಬೇಕು. ಅದನ್ನು ತೆಗೆದು 'ಇ' ಹಾಕಿದರೆ ಕ್ರಿಯಾಪದ. 'ಉ' ಹಾಕಿದರೆ ಆಜ್ಞೆ. ಹಾಗಾಗಿ 'ಕ್ರೊಕೊದಿಲೊ' ಮೊಸಳೆಯಾದರೆ 'ಕ್ರೊಕೊದಿಲಿ' ಅಂದರೆ... ಮೊಸಳೆ ಮಾಡುವುದು? ನಿಯಮದ ಪ್ರಕಾರ ಪದ ಹುಟ್ಟುತ್ತದೆ, ಅದಕ್ಕೆ ಅರ್ಥ ಕೊಡುವವರು ಜನ. ಎಸ್ಪೆರಾಂಟೊದವರು ಕೊಟ್ಟ ಅರ್ಥ ಹೀಗಿದೆ: ಎಲ್ಲರೂ ಎಸ್ಪೆರಾಂಟೊ ಮಾತಾಡಲೆಂದೇ ಸೇರಿರುವ ಕಡೆ ತನ್ನ ಮಾತೃಭಾಷೆಗೆ ಜಾರಿಕೊಳ್ಳುವುದು.

ಬೆಂಗಳೂರಿನ ಯಾವುದೇ ಆಫೀಸಿನ ಕ್ಯಾಂಟೀನ್ ನೆನಪಿಸಿಕೊಳ್ಳಿ. ಒಂದೇ ಟೇಬಲ್ಲಿನಲ್ಲಿ ನಾಲ್ಕು ಭಾಷೆಯ ಆರು ಜನ. ಅವರಲ್ಲಿ ಇಬ್ಬರು ತಮ್ಮ ಭಾಷೆಯಲ್ಲಿ ಶುರು ಹಚ್ಚಿಕೊಂಡರೆ ಉಳಿದ ನಾಲ್ವರು ಸಾಂಬಾರು ನೋಡುತ್ತ ಕೂರಬೇಕು. ಅದು ಮೊಸಳೆತನ. ಎಸ್ಪೆರಾಂಟೊ ಸಮ್ಮೇಳನದಲ್ಲಿ ಹೀಗಾದರೆ 'ನೆ ಕ್ರೊಕೊದಿಲು!' ಎಂಬ ಗದರಿಕೆ ಬೀಳುತ್ತದೆ. ಮೊಸಳೆಯೇ ಏಕೆ ಎಂದರೆ ಅವರು ನಗುತ್ತ ಕೊಡುವ ಉತ್ತರ: ಬಾಯಿ ದೊಡ್ಡದು, ಮಿದುಳು ಚಿಕ್ಕದು. ತಮಾಷೆ ಅಲ್ಲಿಗೇ ನಿಲ್ಲಲಿಲ್ಲ. ಮೊಸಳೆಯ ನೆಂಟರನ್ನೂ ಕರೆತಂದರು. ಒಬ್ಬರಿಗೆ ಮಾತೃಭಾಷೆ, ಇನ್ನೊಬ್ಬರಿಗೆ ಅಲ್ಲ, ಅಂಥ ಭಾಷೆಯಲ್ಲಿ ಮಾತಾಡಿದರೆ 'ಅಲಿಗಾತೊರಿ'. ಇಬ್ಬರಿಗೂ ಪರಭಾಷೆಯಾಗಿದ್ದರೆ 'ಕೈಮಾನಿ'. ಒಬ್ಬ ಕನ್ನಡಿಗ, ಒಬ್ಬ ಇಟಾಲಿಯನ್ ಎಸ್ಪೆರಾಂಟೊ ಸಭೆಯಲ್ಲಿ ಇಂಗ್ಲಿಷ್ ಹರಟಿದರೆ ಅದು ಈ ಕೊನೆಯದು.

ಇದು ಬರೀ ಕೀಟಲೆಯಲ್ಲ. ಹಿಂದೆ ದೇಶವಿಲ್ಲದ, ಸೈನ್ಯವಿಲ್ಲದ ಭಾಷೆಗೆ ಉಳಿಯಲು ಇರುವ ಜಾಗ ಆ ಸಭೆಗಳು, ಪತ್ರಗಳು, ಮಾತುಕತೆ ಅಷ್ಟೇ. ಅಲ್ಲೂ ಎಲ್ಲರೂ ತಂತಮ್ಮ ಭಾಷೆಗೆ ಹೊರಳಿದರೆ ಸೇರಿದ್ದಕ್ಕೆ ಅರ್ಥವಿಲ್ಲ. ಹಾಗಾಗಿ ಆ ಬೈಗುಳದೊಳಗೆ ಒಂದಷ್ಟು ಆತಂಕವೂ ಇದೆ ಅಂತ ನನಗನ್ನಿಸುತ್ತದೆ.

ಇಟಲಿಯ ಪತ್ರಿಕಾ ಕಚೇರಿಯ ಮೊಸಳೆ

ಈಗ ಅದೇ ಸಭೆಯಲ್ಲಿ ಇಟಲಿಯ ಪತ್ರಕರ್ತನೊಬ್ಬ 'ನಿನ್ನೆ ಮೂರು ಮೊಸಳೆ ಬರೆದು ಮುಗಿಸಿದೆ' ಅನ್ನುತ್ತಾನೆ ಎಂದುಕೊಳ್ಳಿ. ಬರೆಯುವ ಮೊಸಳೆ! ಇಟಲಿಯ ಪತ್ರಿಕಾ ಕಚೇರಿಗಳ ಆಡುಮಾತಿನಲ್ಲಿ 'ಕೊಕ್ಕೊದ್ರಿಲ್ಲೊ' ಎಂದರೆ ಇನ್ನೂ ಬದುಕಿರುವ ಪ್ರಸಿದ್ಧರ ಬಗ್ಗೆ ಮೊದಲೇ ಬರೆದಿಟ್ಟ ಶ್ರದ್ಧಾಂಜಲಿ ಲೇಖನ. ಅಲ್ಲಿನ ನಿಘಂಟುಗಳಲ್ಲೂ ಈ ಅರ್ಥ ಸೇರಿದೆ. ಸಾವಿಗೆ ಮೊದಲೇ ತುಂಬಿಟ್ಟುಕೊಂಡ ಕಣ್ಣೀರು ಎಂದು ಓದಿಕೊಂಡರೆ ಹೆಸರು ಚೆನ್ನಾಗಿ ಕೂರುತ್ತದೆ.

ಕೇಳಲು ಕ್ರೂರ ಅನ್ನಿಸಬಹುದು. ಆದರೆ ದೊಡ್ಡವರೊಬ್ಬರು ರಾತ್ರಿ ಹನ್ನೊಂದಕ್ಕೆ ತೀರಿಕೊಂಡರೆ ಎಂಬತ್ತು ವರ್ಷದ ಬದುಕನ್ನು ಒಂದು ಗಂಟೆಯಲ್ಲಿ ತಪ್ಪಿಲ್ಲದೆ ಬರೆಯಲು ಯಾರಿಂದಲೂ ಆಗದು. ಪತ್ರಿಕೋದ್ಯಮ ಓದುವಾಗ ನಮ್ಮಿಂದಲೂ ಅಭ್ಯಾಸಕ್ಕೆಂದು ಒಂದನ್ನು ಬರೆಸಿದ್ದರು. ಬದುಕಿರುವವರ ಬಗ್ಗೆ 'ಅವರು ನಟಿಸಿದ್ದರು, ಇಷ್ಟಪಡುತ್ತಿದ್ದರು' ಎಂದು ಭೂತಕಾಲದಲ್ಲಿ ಬರೆಯುವಾಗ ಕೈ ತಡೆಯುತ್ತದೆ. ಕೆಲವೊಮ್ಮೆ ಬರೆದವರೇ ಮೊದಲು ಹೋಗಿಬಿಡುತ್ತಾರೆ. ಹಾಸ್ಯನಟ ಬಾಬ್ ಹೋಪ್ 2003ರಲ್ಲಿ ತೀರಿಕೊಂಡಾಗ ನ್ಯೂಯಾರ್ಕ್ ಟೈಮ್ಸ್ ಪ್ರಕಟಿಸಿದ ಲೇಖನ ವಿನ್ಸೆಂಟ್ ಕ್ಯಾನ್ಬಿ ಬರೆದಿಟ್ಟಿದ್ದು. ಕ್ಯಾನ್ಬಿ 2000ದಲ್ಲೇ ತೀರಿಹೋಗಿದ್ದರು.

ಈ ಮೊಸಳೆಗಳು ಕೊಳದಿಂದ ತಪ್ಪಿಸಿಕೊಳ್ಳುವುದೂ ಉಂಟು. ಫಾರ್ವರ್ಡ್ ಮಾಡುವ ಅಭ್ಯಾಸವಿರುವವರು ಇದನ್ನು ತಿಳಿದಿರಲೇಬೇಕು. 2003ರಲ್ಲಿ ಸಿಎನ್‌ಎನ್ ವೆಬ್‌ಸೈಟಿನ ಕರಡು ಶ್ರದ್ಧಾಂಜಲಿ ಪುಟಗಳು ಹೊರಗಿನವರ ಕಣ್ಣಿಗೆ ಬಿದ್ದವು. ಒಬ್ಬರ ಪುಟವನ್ನೇ ಮಾದರಿಯಾಗಿಟ್ಟು ಇನ್ನೊಬ್ಬರದ್ದು ಮಾಡಿದ್ದರಿಂದ, ಕ್ಯೂಬಾದ ಫಿಡೆಲ್ ಕ್ಯಾಸ್ಟ್ರೊ ಅದರಲ್ಲಿ ಸಿನಿಮಾ ತಾರೆಯಾಗಿದ್ದರು. ಅದು ರೊನಾಲ್ಡ್ ರೇಗನ್ ಅವರ ವಿವರ! 2008ರ ಆಗಸ್ಟ್‌ನಲ್ಲಿ ಬ್ಲೂಮ್‌ಬರ್ಗ್ ಸುದ್ದಿಸಂಸ್ಥೆ ಸ್ಟೀವ್ ಜಾಬ್ಸ್ ಅವರ ಶ್ರದ್ಧಾಂಜಲಿಯನ್ನು ಕೈತಪ್ಪಿ ಹೊರಬಿಟ್ಟಿತು. ಅವರು ತೀರಿಕೊಂಡದ್ದು 2011ರಲ್ಲಿ. ಎಲ್ಲಕ್ಕಿಂತ ದೊಡ್ಡ ಎಡವಟ್ಟು 2020ರ ನವೆಂಬರ್‌ನದು. ಫ್ರಾನ್ಸಿನ ಸರ್ಕಾರಿ ಒಡೆತನದ ರೇಡಿಯೊ ಸಂಸ್ಥೆ ಆರ್‌ಎಫ್‌ಐ ತನ್ನ ವೆಬ್‌ಸೈಟನ್ನು ಹೊಸ ವ್ಯವಸ್ಥೆಗೆ ಸಾಗಿಸುವಾಗ ಸುಮಾರು ನೂರು ಶ್ರದ್ಧಾಂಜಲಿಗಳು ಒಟ್ಟಿಗೆ ಪ್ರಕಟವಾಗಿಬಿಟ್ಟವು. ರಾಣಿ ಎಲಿಜಬೆತ್, ಫುಟ್‌ಬಾಲಿನ ಪೆಲೆ, ನಟ ಕ್ಲಿಂಟ್ ಈಸ್ಟ್‌ವುಡ್, ಎಲ್ಲರೂ ಆಗ ಬದುಕಿದ್ದವರೇ. ಸಂಸ್ಥೆ ಕ್ಷಮೆ ಕೇಳಿತು.

ಆ ಹೊತ್ತಿನಲ್ಲಿ ಯಾರಾದರೂ ಸ್ಕ್ರೀನ್‌ಶಾಟ್ ತೆಗೆದಿದ್ದರೆ ಅದು ನಕಲಿಯಾಗಿರುತ್ತಿರಲಿಲ್ಲ. ಲೋಗೊ ಅಸಲಿ, ವೆಬ್‌ಸೈಟ್ ಅಸಲಿ, ಅಕ್ಷರಗಳೂ ಅಸಲಿ. ಸಾವು ಮಾತ್ರ ಸುಳ್ಳು. 'ದೊಡ್ಡ ಚಾನೆಲ್‌ನ ಸ್ಕ್ರೀನ್‌ಶಾಟೇ ಇದೆಯಲ್ಲ' ಎನ್ನುವ ವಾದ ಕುಸಿಯುವುದು ಇಲ್ಲಿ. ಸ್ಕ್ರೀನ್‌ಶಾಟ್ ಒಂದು ಕ್ಷಣವನ್ನು ಹಿಡಿಯುತ್ತದೆ, ಹತ್ತು ನಿಮಿಷದ ನಂತರ ಬಂದ ತಿದ್ದುಪಡಿಯನ್ನು ಹಿಡಿಯುವುದಿಲ್ಲ. ಚಿತ್ರ ಬಂದರೆ ಆ ವೆಬ್‌ಸೈಟನ್ನು ನೀವೇ ತೆರೆದು ಸುದ್ದಿ ಇನ್ನೂ ಇದೆಯೇ ನೋಡಿ. ಕುಟುಂಬದವರ ಅಥವಾ ಆಸ್ಪತ್ರೆಯ ಮಾತು ಸುದ್ದಿಯಲ್ಲಿ ಇದೆಯೇ ನೋಡಿ. ಎರಡೂ ಇಲ್ಲದಿದ್ದರೆ ಬೆರಳು ತಡೆಯಿರಿ.

ನಮ್ಮಲ್ಲಂತೂ ತಪ್ಪಿಸಿಕೊಂಡ ಮೊಸಳೆಯೂ ಬೇಕಾಗಿಲ್ಲ, ಬರೀ ಕಾಗೆ ಸಾಕು. ಕನ್ನಡಿಗರು ದಶಕಗಳಿಂದ ಕೇಳುತ್ತ ಬಂದ ಗಾಯಕಿ ಎಸ್. ಜಾನಕಿ ಅವರು ತೀರಿಕೊಂಡರು ಎಂದು 2020ರ ಜೂನ್‌ನಲ್ಲಿ ಸುಳ್ಳು ಸುದ್ದಿ ಹಬ್ಬಿತು. ಅವರ ವಿಷಯದಲ್ಲಿ ಅದು ಮೊದಲ ಸಲವೂ ಅಲ್ಲ. ಕೊನೆಗೆ ಎಸ್.ಪಿ. ಬಾಲಸುಬ್ರಹ್ಮಣ್ಯಂ ಅವರೇ ವಿಡಿಯೊ ಹಾಕಿ ಆಕೆ ಆರೋಗ್ಯವಾಗಿದ್ದಾರೆ ಎಂದು ಹೇಳಬೇಕಾಯಿತು. ತನ್ನದೇ ಸಾವಿನ ಸುದ್ದಿಗೆ ಫೋನ್ ಕರೆ ಬಂದಾಗ ಎತ್ತಬೇಕಾದವರ ಸ್ಥಿತಿ ಊಹಿಸಿ.

ಅಷ್ಟಕ್ಕೂ ಮೊಸಳೆ ಅಳುತ್ತದೆಯೇ?

ಮನುಷ್ಯರನ್ನು ತಿನ್ನುತ್ತ ಮೊಸಳೆ ಅಳುತ್ತದೆ ಎಂಬ ಕಥೆ ಮಧ್ಯಯುಗದ ಯುರೋಪಿನ ಪ್ರವಾಸಕಥನಗಳಿಂದ ಜನಪ್ರಿಯವಾಯಿತು. ಅದನ್ನು ನಿಜಕ್ಕೂ ಪರೀಕ್ಷಿಸುವಂತೆ ಮಾಡಿದ್ದು ಅತ್ತೆಗೆ ಬಂದ ಕಾಯಿಲೆಯೇ. ಆ ಕಾಯಿಲೆಯ ಬಗ್ಗೆ ಮಾತಾಡಬೇಕಿದ್ದ ಅಮೆರಿಕದ ನರರೋಗ ತಜ್ಞ ಮಾಲ್ಕಮ್ ಶೇನರ್, ಹೆಸರಿನಲ್ಲಿರುವ ಪ್ರಾಣಿ ನಿಜವಾಗಿ ಅಳುತ್ತದೆಯೇ ಎಂದು ಫ್ಲೋರಿಡಾದ ಪ್ರಾಣಿಶಾಸ್ತ್ರಜ್ಞ ಕೆಂಟ್ ವ್ಲಿಯೆಟ್ ಅವರನ್ನು ಕೇಳಿದರು. ನೀರಿನಲ್ಲಿ ತಿನ್ನುವಾಗ ಕಣ್ಣು ಹೇಗೂ ಒದ್ದೆ, ಹಾಗಾಗಿ ನೆಲದ ಮೇಲೆ ತಿನ್ನಲು ಅಭ್ಯಾಸವಾಗಿದ್ದ ಮೊಸಳೆಯ ನೆಂಟರಾದ ಅಲಿಗೇಟರ್ ಮತ್ತು ಕೈಮನ್‌ಗಳನ್ನು ವ್ಲಿಯೆಟ್ ಚಿತ್ರೀಕರಿಸಿದರು. ಏಳರಲ್ಲಿ ಐದರ ಕಣ್ಣಲ್ಲಿ ನೀರು ಬಂತು, ಕೆಲವಕ್ಕೆ ನೊರೆಯೂ ಬಂತು. 2007ರಲ್ಲಿ ಅದನ್ನು ಪ್ರಕಟಿಸಿದರು. ತಿನ್ನುವಾಗ ಅವು ಬುಸುಗುಡುತ್ತ ಗಾಳಿ ದಬ್ಬುವುದರಿಂದ ಕಣ್ಣೀರು ಹೊರಬರುತ್ತಿರಬಹುದು ಎಂಬುದು ಅವರ ಊಹೆ. ಕಣ್ಣೀರು ನಿಜ, ಪಶ್ಚಾತ್ತಾಪ ನಮ್ಮ ಕಲ್ಪನೆ.

ಇನ್ನೊಂದು ಮೊಸಳೆಯ ಬಗ್ಗೆ ಎರಡೇ ಮಾತು. 'ಜಾಂಬಿ ಡ್ರಗ್' ಎಂದು ಭೀಕರ ಚಿತ್ರಗಳೊಂದಿಗೆ ಓಡಾಡುವ 'ಕ್ರೊಕೊಡಿಲ್' ರಷ್ಯಾದ ಬೀದಿಮಾತು. ಕೊಡೀನ್ ಮಾತ್ರೆಗಳಿಂದ ಮನೆಯಲ್ಲೇ ಕುದಿಸಿ ತೆಗೆದ ಡೆಸೊಮಾರ್ಫಿನ್ ಎಂಬ ಮಾದಕಕ್ಕೆ, ಅದರ ಕಲ್ಮಶಗಳಿಂದ ಚರ್ಮ ಹುರುಪೆಗಟ್ಟಿ ಕೊಳೆಯುವುದನ್ನು ಕಂಡು ಇಟ್ಟ ಹೆಸರು. ಮೊಸಳೆಯಿಂದ ತೆಗೆದದ್ದೂ ಅಲ್ಲ, ಜನ ಜಾಂಬಿಗಳಾಗುವುದೂ ಇಲ್ಲ. ಅವರು ಚಿಕಿತ್ಸೆ ಬೇಕಾದ ರೋಗಿಗಳು.

ಅತ್ತೆ ಚುಚ್ಚುಮದ್ದು ಬೇಡವೆಂದರು. ಊಟಕ್ಕೆ ಕೂರುವಾಗ ಎಡಗೈ ಹತ್ತಿರ ಒಂದು ಕರವಸ್ತ್ರ ಇಟ್ಟುಕೊಳ್ಳುತ್ತಾರೆ. ಯಾರಾದರೂ ಕೇಳಿದರೆ 'ವೈರಿಂಗ್ ಅದಲುಬದಲಾಗಿದೆ' ಅನ್ನುತ್ತಾರೆ. ಚೀಟಿಯ ಫೋಟೊ ಇನ್ನೂ ಗ್ರೂಪಿನಲ್ಲಿದೆ. ಅದರ ಕೆಳಗೆ ಕಸಿನ್, ಅನುವಾದ ಅಳಿಸಿ, ನರದ ಚಿತ್ರವೊಂದನ್ನು ಹಾಕಿದ್ದಾನೆ.