ಅಂಗಡಿ ಕಟ್ಟೆ: ಯೋಜನೆಗೂ ಒಂದು ಖತಾವಣಿ ಬೇಕು



ನಮ್ಮ ವ್ಯಾಪಾರಿ ಮನೆತನಗಳಲ್ಲಿ ಲೆಕ್ಕ ಬರೆಯುವ ಪದ್ಧತಿಗೆ ಕೊರತೆಯಿಲ್ಲ. ದಿನದ ಜಮಾ-ಖರ್ಚು ಕೀರ್ದಿಗೆ ಬರುತ್ತದೆ, ಕೀರ್ದಿಯಿಂದ ಖತಾವಣಿಗೆ ಏರುತ್ತದೆ, ವರ್ಷದ ಕೊನೆಗೆ ಲಾಭ-ಲುಕ್ಸಾನು ತಿಳಿಯುತ್ತದೆ. ಈಗ ಈ ಕೆಲಸವನ್ನು ಕಂಪ್ಯೂಟರ್ ಮಾಡುತ್ತದೆ, ಆದರೆ ಕ್ರಮ ಅದೇ. ಇದೆಲ್ಲ ಆಗಿಹೋದ ವ್ಯವಹಾರದ ಬರಹ. ಮುಂದೆ ಆಗಬೇಕಾದದ್ದಕ್ಕೆ, ಅಂದರೆ ಯೋಜನೆಗೆ, ನಮ್ಮಲ್ಲಿ ವಹಿ ಇಲ್ಲ. ಅದು ಯಜಮಾನರ ತಲೆಯಲ್ಲಿ ಇರುತ್ತದೆ. ಯಜಮಾನರು ಗಟ್ಟಿಯಾಗಿರುವ ತನಕ ಕೆಲಸ ಸಾಗುತ್ತದೆ. ಅವರು ಹಾಸಿಗೆ ಹಿಡಿದ ದಿನ ಮನೆಯವರು ಕತ್ತಲೆಯಲ್ಲಿ ತಡಕಾಡಬೇಕಾಗುತ್ತದೆ.

ನಿಲಂಗಾ ಕಡೆಯ ನಮ್ಮ ಪರಿಚಯದ ಒಂದು ಮನೆಯಲ್ಲಿ ಹೀಗೇ ಆಯಿತು. ಹಿರಿಯರು ತೀರಿಕೊಂಡ ತಿಂಗಳೊಳಗೆ ಒಬ್ಬ ರೈತ ಬಂದು, ಮಗಳ ಮದುವೆಗೆಂದು ತಾನು ಅವರ ಹತ್ತಿರ ಇಟ್ಟ ಅನಾಮತ್ತು ಹಣ ಕೇಳಿದ. ಮಕ್ಕಳಿಗೆ ಗೊತ್ತಿರಲಿಲ್ಲ. ಹುಡುಕಿದಾಗ ಹಳೆಯ ವಹಿಯ ಕೊನೆಯ ಪುಟದಲ್ಲಿ ಮೋಡಿ ಅಕ್ಷರದ ನಾಲ್ಕು ಸಾಲು ಸಿಕ್ಕವು. ಮನೆಯಲ್ಲಿ ಮೋಡಿ ಓದುವವರು ಯಾರೂ ಉಳಿದಿರಲಿಲ್ಲ. ಊರಿನ ಒಬ್ಬ ವೃದ್ಧರು ಓದಿ ಹೇಳಿದ ಮೇಲೆ ಹಣ ಪೂರ್ತಿ ಸಂದಾಯವಾಯಿತು, ಮನೆತನದ ಮಾತು ಉಳಿಯಿತು. ಆ ವೃದ್ಧರು ಇಲ್ಲದಿದ್ದರೆ? ಸಾವಿರ ಚೀಲ ತೊಗರಿ ಹೋದರೆ ಮತ್ತೆ ತರಬಹುದು. ಪತ್ತು ಹೋದರೆ ಎಲ್ಲಿಂದ ತರುವುದು?

ಆದ್ದರಿಂದ ಈ ತಿಂಗಳು ತಲೆಯೊಳಗಿನದನ್ನು ಹಾಳೆಯ ಮೇಲೆ ತರುವ ಒಂದು ಉಪಾಯದ ಬಗ್ಗೆ ಬರೆಯುತ್ತಿದ್ದೇವೆ. ಇದಕ್ಕೆ ಮೈಂಡ್ ಮ್ಯಾಪ್ ಎನ್ನುತ್ತಾರೆ. ವಿಚಾರದ ನಕ್ಷೆ ಎನ್ನಬಹುದು. ಹೆಸರು ಹೊಸದೆಂದು ಹಿಂಜರಿಯಬೇಡಿ. ಪಾಠಶಾಲೆಗೆ ಹೋದ ನಮ್ಮ ಮಕ್ಕಳಿಗೆ ಇದರ ಗುಟ್ಟು ಗೊತ್ತೇ ಇದೆ. ಜೀವವೆಂದರೆ ಎರಡು ಬಗೆ: ಸಂಸಾರಿ, ಮುಕ್ತ. ಸಂಸಾರಿಯಲ್ಲಿ ಮತ್ತೆ ಎರಡು: ತ್ರಸ, ಸ್ಥಾವರ. ಸ್ಥಾವರದಲ್ಲಿ ಪೃಥ್ವಿ, ಜಲ, ಅಗ್ನಿ, ವಾಯು, ವನಸ್ಪತಿ ಎಂದು ಐದು. ತ್ರಸದಲ್ಲಿ ಎರಡು ಇಂದ್ರಿಯದವು ಮೊದಲುಗೊಂಡು ಐದು ಇಂದ್ರಿಯದವುಗಳವರೆಗೆ. ಗುರುಗಳು ಇದನ್ನು ಹಲಗೆಯ ಮೇಲೆ ಕೊಂಬೆ ಕೊಂಬೆಯಾಗಿ ಬರೆದು ತೋರಿಸಿದರೆ ಎಂಟು ವರ್ಷದ ಮಗುವಿಗೂ ನೆನಪುಳಿಯುತ್ತದೆ. ಅದನ್ನೇ ಉದ್ದಕ್ಕೆ ಒಂದು ಪುಟ ಓದಿ ಹೇಳಿದರೆ ಮರೆಯುತ್ತದೆ. ಹಾಳೆಯ ನಡುವೆ ಮುಖ್ಯ ವಿಷಯ, ಸುತ್ತಲೂ ಕೊಂಬೆ, ಕೊಂಬೆಗೆ ರೆಂಬೆ. ವಿಚಾರದ ನಕ್ಷೆಯೆಂದರೆ ಇಷ್ಟೇ.

ಈ ಹೆಸರನ್ನೂ ಪದ್ಧತಿಯನ್ನೂ ಜಗತ್ತಿಗೆ ಪರಿಚಯಿಸಿದವರು ಇಂಗ್ಲೆಂಡಿನ ಟೋನಿ ಬುಜಾನ್. 1974ರಲ್ಲಿ ಬಿಬಿಸಿ ದೂರದರ್ಶನದಲ್ಲಿ ಅವರ ಪಾಠಗಳು ಬಂದವು. ನಡುವೆ ಚಿತ್ರ, ಕೊಂಬೆಗೊಂದು ಬಣ್ಣ, ಒಂದು ಗೆರೆಗೆ ಒಂದೇ ಶಬ್ದ ಎಂಬುದು ಅವರ ನಿಯಮ. ಅವರು 2019ರಲ್ಲಿ ತೀರಿಕೊಂಡರು. ಇದನ್ನು ಕಂಪ್ಯೂಟರಿಗೆ ತಂದವರಲ್ಲಿ ಮೈಕ್ ಜೆಟರ್ ಎಂಬವರ ಹೆಸರು ಮುಖ್ಯ. ರಕ್ತದ ಕ್ಯಾನ್ಸರಿಗೆ ಚಿಕಿತ್ಸೆ ಪಡೆದು ಚೇತರಿಸಿಕೊಳ್ಳುತ್ತಿದ್ದ ದಿನಗಳಲ್ಲಿ, 1990ರ ದಶಕದಲ್ಲಿ, ಅವರು ಈ ತಂತ್ರಾಂಶವನ್ನು ಕಟ್ಟಿದರು. ಅದು ಈಗ ಮೈಂಡ್‌ಮ್ಯಾನೇಜರ್ ಎಂಬ ಹೆಸರಿನಲ್ಲಿದೆ, ಹಣ ಕೊಟ್ಟು ಕೊಳ್ಳಬೇಕು. ಹಣ ಕೊಡದೆ ಸಿಗುವಂಥವೂ ಇವೆ: ಫ್ರೀಮೈಂಡ್, ಅದರಿಂದಲೇ ಕವಲೊಡೆದ ಫ್ರೀಪ್ಲೇನ್. ಎಕ್ಸ್‌ಮೈಂಡ್ ಎಂಬುದು ಕಂಪ್ಯೂಟರಿನಲ್ಲೂ ಮೊಬೈಲಿನಲ್ಲೂ ನಡೆಯುತ್ತದೆ.

ನಮ್ಮ ವಿದ್ಯೆ ಮೆಟ್ರಿಕ್‌ವರೆಗೆ ಮಾತ್ರ. ಆದರೂ ಅರ್ಧ ಗಂಟೆಯಲ್ಲಿ ಕೈಗೆ ಹತ್ತಿತು. ನಡುವಿನ ಶಬ್ದ ಬರೆದು ಟ್ಯಾಬ್ ಕೀಲಿ ಒತ್ತಿದರೆ ಹೊಸ ಕೊಂಬೆ, ಎಂಟರ್ ಒತ್ತಿದರೆ ಅದರ ಪಕ್ಕದಲ್ಲಿ ಇನ್ನೊಂದು. ತಪ್ಪು ಜಾಗದಲ್ಲಿ ಬಂದ ಕೊಂಬೆಯನ್ನು ಇಲಿಯಿಂದ ಹಿಡಿದು ಬೇರೆ ಕಡೆ ಒಯ್ದು ಬಿಟ್ಟರೆ ಅದರ ರೆಂಬೆಗಳೂ ಜೊತೆಗೇ ಹೋಗುತ್ತವೆ. ಕಾಗದದಲ್ಲಿ ಇದು ಆಗದು, ಹರಿದು ಮತ್ತೆ ಬರೆಯಬೇಕು. ದೊಡ್ಡ ನಕ್ಷೆಯಾದರೆ ಬೇಡವಾದ ಕೊಂಬೆಯನ್ನು ಮಡಚಿ ಇಡಬಹುದು. ತಂತ್ರಾಂಶದ ಹೆಚ್ಚುಗಾರಿಕೆ ಮುಖ್ಯವಾಗಿ ಇವೆರಡೇ.

ಇನ್ನು ಉಪಯೋಗದ ಮಾತು. ಉಮರ್ಗಾದ ಒಂದು ಮನೆತನ ನಮಗೆ ಬೀಗರ ಕಡೆಯಿಂದ ಸಂಬಂಧ. ಅಣ್ಣ-ತಮ್ಮ ಇಬ್ಬರು, ಕಿರಾಣಿ ಮತ್ತು ಅಡತಿ ವ್ಯಾಪಾರ. ತಮ್ಮನಿಗೆ ಉದಗೀರದಲ್ಲಿ ಒಂದು ಬೇಳೆ ಮಿಲ್ಲನ್ನು ಬಾಡಿಗೆಗೆ ಹಿಡಿದು, ಸಂಸಾರ ಸಮೇತ ಅಲ್ಲಿಗೇ ಹೋಗಿ ನಿಲ್ಲುವ ಆಸೆ. ಆಸೆಯಲ್ಲಿ ತಪ್ಪಿಲ್ಲ. ಉದಗೀರದ ಮೊಂಢಾಕ್ಕೆ ತೊಗರಿ ಚೆನ್ನಾಗಿ ಬರುತ್ತದೆ, ಬೀದರ ಕಡೆಯ ಮಾಲೂ ಬರುತ್ತದೆ, ರೈಲು ಇದೆ. ಅಣ್ಣನಿಗೆ ಮನಸ್ಸಿಲ್ಲ, ಆದರೆ ಬೇಡವೆನ್ನಲು ಕಾರಣ ಹೇಳಲಾರ. ಆರು ತಿಂಗಳು ಇದೇ ಮಾತು ನಡೆದು ಇಬ್ಬರೂ ಒಟ್ಟಿಗೆ ಕೂತು ಊಟ ಮಾಡುವುದೂ ಕಡಿಮೆಯಾಯಿತು. ಪಾಲಾಗುವ ಮಾತು ಬಾಗಿಲ ತನಕ ಬಂದಿತ್ತು.

ಅಣ್ಣನ ಸೊಸೆ ಓದಿದ ಹುಡುಗಿ. ಒಂದು ಭಾನುವಾರ ಎಲ್ಲರನ್ನೂ ಕೂಡಿಸಿ ಕಂಪ್ಯೂಟರಿನಲ್ಲಿ ನಡುವೆ 'ಉದಗೀರ' ಎಂದು ಬರೆದಳು. ಸುತ್ತಲೂ ಆರು ಕೊಂಬೆ: ಬಂಡವಾಳ, ಜಾಗ, ಪರವಾನಗಿ, ಮಾಲು, ಮಾರಾಟ, ಜನ. ಯಾರು ಏನು ಹೇಳಿದರೂ ಬರೆಯುವುದು, ಅಲ್ಲಗಳೆಯುವುದು ಆಮೇಲೆ ಎಂದು ಕರಾರು. ಪರವಾನಗಿಯ ಕೆಳಗೆ ಮಾರುಕಟ್ಟೆ ಸಮಿತಿ, ಜಿಎಸ್‌ಟಿ, ಆಹಾರ ಇಲಾಖೆ, ವಿದ್ಯುತ್ತು ಎಂದು ಸಾಲು ಬೆಳೆಯಿತು. ಒಂದು ಗಂಟೆ ಕಳೆದಾಗ ಬಂಡವಾಳದ ಕೊಂಬೆಗೆ ಹನ್ನೊಂದು ರೆಂಬೆ ಬಂದಿದ್ದವು. ಜನ ಎಂಬ ಕೊಂಬೆಗೆ ಎರಡೇ: ಮುನೀಮ, ಹಮಾಲರು. ಮಾತಿನಲ್ಲಿ ಆರು ತಿಂಗಳು ಯಾರಿಗೂ ಕಾಣದ್ದು ಚಿತ್ರದಲ್ಲಿ ಒಂದೇ ನೋಟಕ್ಕೆ ಕಂಡಿತು. ದುಡ್ಡಿನ ವಿಚಾರ ಪೂರ್ತಿ ಮಾಡಿದ್ದರು, ಮನುಷ್ಯರ ವಿಚಾರ ಮಾಡಿರಲಿಲ್ಲ.

ಆಗ ಮನೆಯ ಹಿರಿಯವ್ವ ಬಾಯಿ ತೆರೆದರು. "ತೊಗರಿ ಎಷ್ಟು ತಿಂಗಳು ಇಡ್ತೀರಿ? ಮಳಿಗಾಲ ಬಂದ್ರ ಹುಳ ಬೀಳ್ತದ. ಆಮ್ಯಾಲ ಗುಳಿಗಿ ಇಡ್ತೀರಿ. ಅದನ್ನ ಎಲ್ಲಿ ಬರದೀರಿ?" ಎಲ್ಲರೂ ಸುಮ್ಮನಾದರು. ಇಡಿಯ ತೊಗರಿಗೆ ಹುಳು ಬೀಳುವುದು, ಗೋದಾಮಿನಲ್ಲಿ ವಿಷದ ಗುಳಿಗೆ ಇಡುವುದು ನಮ್ಮ ಜನಕ್ಕೆ ಬರೀ ಖರ್ಚಿನ ಪ್ರಶ್ನೆಯಲ್ಲ. ಮಾಲಿನ ಕೊಂಬೆಗೆ 'ಹುಳು' ಎಂಬ ರೆಂಬೆ ಸೇರಿತು. ಅದರ ಕೆಳಗೆ ಉಪಾಯಗಳೂ ಬಂದವು: ಚೆನ್ನಾಗಿ ಬಿಸಿಲಿಗೆ ಒಣಗಿಸುವುದು, ಹರಳೆಣ್ಣೆ ಸವರುವುದು, ಬೇಗ ಬೇಳೆ ಮಾಡಿಸುವುದು. ಒಡೆದ ಬೇಳೆಗೆ ಈ ಹುಳದ ಕಾಟ ಕಡಿಮೆ ಎಂಬುದು ನಮ್ಮೆಲ್ಲರ ಅನುಭವ. ಹಾಗಾದರೆ ದಾಸ್ತಾನು ಹೆಚ್ಚು ದಿನ ಇಡುವಂತಿಲ್ಲ. ದಾಸ್ತಾನು ಕಡಿಮೆಯಾದರೆ ಬ್ಯಾಂಕಿನ ಸಾಲವೂ ಕಡಿಮೆ. ಒಂದು ರೆಂಬೆ ಅಲುಗಿದ್ದಕ್ಕೆ ಬಂಡವಾಳದ ಕೊಂಬೆಯೇ ಅರ್ಧಕ್ಕೆ ಇಳಿಯಿತು.

ಕೊನೆಗೆ ತಮ್ಮನ ಹೆಂಡತಿ ಮೆಲ್ಲಗೆ ಕೇಳಿದಳು: "ನಾವು ಅಲ್ಲಿಗಿ ಹೋದ್ರ ಅತ್ತಿಯವರಿಗಿ ರಾತ್ರಿ ಔಷಧ ಕೊಡೋರು ಯಾರು?" ಅಣ್ಣನ ಮನಸ್ಸಿನಲ್ಲಿ ಇದ್ದದ್ದು ಇದೇ. ತಾಯಿಯನ್ನು ನೆಪ ಮಾಡಿ ತಮ್ಮನ ಏಳಿಗೆಗೆ ಅಡ್ಡ ಬಂದ ಎಂದಾರೆಂದು ಹೇಳಿರಲಿಲ್ಲ. ಅದೂ ಜನದ ಕೊಂಬೆಯಲ್ಲಿ ಬರೆಯಲ್ಪಟ್ಟಿತು. ತೀರ್ಮಾನ ಹೀಗಾಯಿತು: ಮಿಲ್ಲು ಹಿಡಿಯುವುದು ಸದ್ಯ ಬೇಡ. ಸುಗ್ಗಿಯ ಮೂರು ತಿಂಗಳು ಒಂದು ಗೋದಾಮು ಬಾಡಿಗೆಗೆ ಹಿಡಿದು, ಉದಗೀರದಲ್ಲಿ ಖರೀದಿ ಮಾಡಿ, ಅಲ್ಲಿಯ ಮಿಲ್ಲಿನಲ್ಲೇ ಕೂಲಿ ಕೊಟ್ಟು ಬೇಳೆ ಮಾಡಿಸಿ ಮಾರುವುದು. ತಮ್ಮ ವಾರಕ್ಕೆರಡು ಸಲ ಮನೆಗೆ ಬರುವುದು. ಮೊದಲ ಸುಗ್ಗಿ ಸಾಲವಿಲ್ಲದೆ ದಾಟಿತು. ಅದಕ್ಕಿಂತ ದೊಡ್ಡ ಲಾಭ, ಪಾಲಿನ ಮಾತು ನಿಂತಿತು.

ಇದು ತಂತ್ರಾಂಶದ ಪವಾಡ ಎಂದು ನಾವು ಹೇಳುವುದಿಲ್ಲ. ಗದ್ದುಗೆಯ ಮೇಲೆ ಯಜಮಾನರು ಮಾತಾಡುವಾಗ ಹೆಂಗಸರು, ಕಿರಿಯರು ಬಾಯಿ ಬಿಡುವುದಿಲ್ಲ. ಹಾಳೆಯ ಮುಂದೆ ಎಲ್ಲರೂ ಹಾಳೆಗೆ ಹೇಳುತ್ತಾರೆ, ಎದುರಿಗಿದ್ದವರಿಗೆ ಅಲ್ಲ. ಹೀಗಾಗಿ ಸಂಕೋಚ ಕಳೆಯುತ್ತದೆ. ಒಂದು ವಸ್ತುವಿಗೆ ಹಲವು ಮುಖ ಎಂದು ಅನೇಕಾಂತದ ಉಪನ್ಯಾಸ ಕೇಳಿ ತಲೆದೂಗುವ ನಾವು, ಮನೆಯ ಒಂದು ವ್ಯವಹಾರಕ್ಕೂ ಹಲವು ಮುಖ ಇರುತ್ತವೆಂದು ಒಪ್ಪಿದರೆ ಸಾಕು.

ನಮ್ಮ ಗಡಿಯ ಜನಕ್ಕೆ ಇದರ ಅಗತ್ಯ ಇನ್ನೂ ಹೆಚ್ಚು. ಉದಗೀರ, ನಿಲಂಗಾ ತಾಲೂಕುಗಳು 1956ರ ತನಕ ಬೀದರ ಜಿಲ್ಲೆಯಲ್ಲೇ ಇದ್ದವು. ಈಗ ಅಂಗಡಿ ಮಹಾರಾಷ್ಟ್ರದಲ್ಲಿ, ಹೊಲ ಕರ್ನಾಟಕದಲ್ಲಿ, ಬೀಗರು ಕಲಬುರಗಿಯಲ್ಲಿ. ಮನೆಮಾತು ಕನ್ನಡ, ಕಚೇರಿಯ ಕಾಗದ ಮರಾಠಿ. ಯಾವ ಕೆಲಸ ಹಿಡಿದರೂ ಎರಡು ರಾಜ್ಯದ ಎರಡು ಕೊಂಬೆ. ನಕ್ಷೆಯಲ್ಲಿ ಕನ್ನಡ, ಮರಾಠಿ ಎರಡನ್ನೂ ಬರೆಯಬಹುದು. ಓದಲು ಬಾರದ ಅಕ್ಷರದಲ್ಲಿ ಮಾತ್ರ ಬರೆದಿಡಬೇಡಿ.

ಮತ್ತೊಂದು ಮಾತು. 1993ರ ಸೆಪ್ಟೆಂಬರ್ 30, ಅನಂತ ಚತುರ್ದಶಿಯ ಮರುದಿನ, ನಸುಕಿನ 3 ಗಂಟೆ 56 ನಿಮಿಷಕ್ಕೆ ಕಿಲ್ಲಾರಿಯ ಭೂಕಂಪವಾಯಿತು. ಉಮರ್ಗಾ, ಔಸಾ ತಾಲೂಕುಗಳಲ್ಲಿ ಕಲ್ಲು-ಮಣ್ಣಿನ ಮನೆಗಳು ಕುಸಿದು ಸುಮಾರು 10 ಸಾವಿರ ಜನ ಸತ್ತರು. 52 ಹಳ್ಳಿಗಳನ್ನು ಹೊಸ ಜಾಗದಲ್ಲಿ ಕಟ್ಟಬೇಕಾಯಿತು. ಆಗ ಭಾರತೀಯ ಜೈನ ಸಂಘಟನೆಯು ಶಾಂತಿಲಾಲ ಮುಥ್ಥಾ ಅವರ ಮುಂದಾಳತ್ವದಲ್ಲಿ ಸುಮಾರು 1200 ಮಕ್ಕಳನ್ನು ಪುಣೆಗೆ ಕರೆದೊಯ್ದು ಓದಿಸಿತು. ಅಷ್ಟು ಮಕ್ಕಳೆಂದರೆ ಊಟ, ವಸತಿ, ಶಾಲೆ, ಔಷಧ, ಊರಿನ ನೆಂಟರ ಒಪ್ಪಿಗೆ, ಎಷ್ಟೊಂದು ಕೊಂಬೆ! ಕರುಣೆ ಇದ್ದರೆ ಸಾಲದು, ವ್ಯವಸ್ಥೆಯೂ ಬೇಕು. ಅದೇ ನಸುಕಿನಲ್ಲಿ ಎಷ್ಟೋ ಅಂಗಡಿಗಳ ವಹಿಗಳು ಮಣ್ಣಿನಡಿ ಹೋದವು. ಆದ್ದರಿಂದ ನಕ್ಷೆಯ ಒಂದು ಪ್ರತಿ ಮನೆಯಲ್ಲಿರಲಿ, ಇನ್ನೊಂದು ಬೇರೆ ಊರಿನ ನಂಬಿಕೆಯ ನೆಂಟರಲ್ಲಿರಲಿ.

ಎಚ್ಚರಿಕೆಯ ಕೆಲವು ಮಾತುಗಳು. ಪ್ರತಿ ರೆಂಬೆಯ ತುದಿಗೆ ಒಬ್ಬರ ಹೆಸರು, ಒಂದು ತಾರೀಖು ಇರಲಿ. ಇಲ್ಲವಾದರೆ ಅದು ಗೋಡೆಗೆ ಅಂಟಿಸುವ ಚಿತ್ರ ಮಾತ್ರ. ನಕ್ಷೆ ಕೀರ್ದಿಗೆ ಬದಲಿ ಅಲ್ಲ. ರೂಪಾಯಿಯ ಲೆಕ್ಕ ಅದರ ಜಾಗದಲ್ಲೇ ಇರಲಿ. ಬ್ಯಾಂಕಿನ ಪಾಸ್‌ವರ್ಡ್, ಗಿರಾಕಿಗಳ ಗುಟ್ಟು ಇದರಲ್ಲಿ ಬರೆಯಬೇಡಿ. ಕೆಲವು ಮೊಬೈಲ್ ತಂತ್ರಾಂಶಗಳು ನಾವು ಬರೆದದ್ದನ್ನು ಎಲ್ಲಿಯದೋ ಕಂಪನಿಯ ಕಂಪ್ಯೂಟರಿನಲ್ಲಿ ಇಡುತ್ತವೆ. ಬಣ್ಣ ಬದಲಿಸುತ್ತ ದಿನ ಕಳೆಯುವ ಹುಡುಗರಿಗೂ ಒಂದು ಮಾತು: ನಕ್ಷೆಗೆ ಒಂದು ಗಂಟೆ, ಕೆಲಸಕ್ಕೆ ಉಳಿದ ದಿನ. ಕಂಪ್ಯೂಟರ್ ಇಲ್ಲದವರಿಗೆ ಒಂದು ದೊಡ್ಡ ಹಾಳೆ, ಮೂರು ಬಣ್ಣದ ಪೆನ್ನು ಸಾಕು.

ದೀಪಾವಳಿಯ ಪಾಡ್ಯದಂದು ವೀರ ನಿರ್ವಾಣ ಸಂವತ್ಸರ ಬದಲಾಗುತ್ತದೆ, ನಾವು ಹೊಸ ವಹಿ ಹಾಕುತ್ತೇವೆ. ಈ ವರ್ಷ ಅದರ ಜೊತೆಗೆ ಮನೆಯವರೆಲ್ಲ ಕೂತು ಒಂದು ನಕ್ಷೆಯನ್ನೂ ಬರೆಯಿರಿ. ಮೊದಲ ಕೊಂಬೆಯಾಗಿ 'ನಮ್ಮ ಹತ್ತಿರ ಇತರರು ಇಟ್ಟದ್ದು' ಎಂದು ಬರೆದು ಆರಂಭಿಸಿದರೆ ಶುಭ. ಅನಾಮತ್ತು, ಕೊಟ್ಟ ಮಾತು, ಒಪ್ಪಿಕೊಂಡ ದಾನ, ಎಲ್ಲವೂ ಅಲ್ಲಿರಲಿ. ಉಳಿದ ಕೊಂಬೆಗಳನ್ನು ಮಕ್ಕಳು ತಾವೇ ಬೆಳೆಸಿಕೊಳ್ಳುತ್ತಾರೆ.

ಜಯ ಜಿನೇಂದ್ರ.