ಮೀನಿನ ಲಿವರಿಗೂ ಒಂದು ಮಿತಿ ಉಂಟು

2025ರ ಮೇ 25ರಂದು ಕೊಚ್ಚಿಯಾಚೆಯ ಕಡಲಲ್ಲಿ ಎಂಎಸ್‌ಸಿ ಎಲ್ಸಾ 3 ಎಂಬ ಹಡಗು ಮುಳುಗಿತು. ಅದರಲ್ಲಿ ಆರುನೂರಕ್ಕೂ ಹೆಚ್ಚು ಕಂಟೈನರ್‌ಗಳಿದ್ದವು. ಕೆಲವದರಲ್ಲಿ ಕ್ಯಾಲ್ಸಿಯಂ ಕಾರ್ಬೈಡ್, ಟ್ಯಾಂಕಿನಲ್ಲಿ ಡೀಸೆಲ್ ಮತ್ತು ಫರ್ನೇಸ್ ಆಯಿಲ್. ಹದಿನೈದೇ ದಿನದಲ್ಲಿ, ಜೂನ್ 9ರಂದು, ಕೇರಳದ ಕಡಲಲ್ಲೇ ವಾನ್ ಹೈ 503 ಎಂಬ ಇನ್ನೊಂದು ಹಡಗಿಗೆ ಬೆಂಕಿ ಬಿತ್ತು. 2022ರ ಜೂನ್‌ನಲ್ಲಿ ನಮ್ಮ ಉಳ್ಳಾಲದ ಹತ್ತಿರವೇ ಪ್ರಿನ್ಸೆಸ್ ಮಿರಾಲ್ ಹಡಗು ಮುಳುಗಿದ್ದನ್ನೂ ನಾವು ಮರೆತಿಲ್ಲ.

ಹೀಗೆ ಆದಾಗಲೆಲ್ಲ ಮೊಬೈಲಿನಲ್ಲಿ ಸುತ್ತುವ ಮಾತು ಒಂದೇ: "ಇನ್ನು ಮೀನು ತಿನ್ನಬೇಡಿ." ಇನ್ನೊಂದು ಕಡೆ, "ಕಡಲು ದೊಡ್ಡದು, ಏನು ಹಾಕಿದರೂ ಅರಗಿಸಿಕೊಳ್ಳುತ್ತದೆ, ಏನೂ ಆಗ್ಲಿಕ್ಕಿಲ್ಲ" ಅನ್ನುವವರು. ಈ ಎರಡು ಮಾತುಗಳ ಮಧ್ಯೆ ಸಿಕ್ಕಿಬೀಳುವವರು ಯಾರು? ಮೀನಿಲ್ಲದೆ ಊಟ ಇಳಿಯದ ನಮ್ಮ ಮನೆಯವರು. ದಕ್ಕೆಯನ್ನೇ ನಂಬಿದ ಕುಟುಂಬಗಳು. ಬೆಳಗಾಗುವ ಮುಂಚೆ ಮೀನು ಹೇರಿಕೊಂಡು ಊರೂರು ತಿರುಗುವ ಕಾಕಂದಿರು. ಆದ್ದರಿಂದ ವಿಷ ಮೀನಿನ ಮೈಗೆ ಹೋದ ಮೇಲೆ ಅಲ್ಲಿ ಏನಾಗುತ್ತದೆ ಎಂಬುದನ್ನು ನಾವು ಸ್ವಲ್ಪ ತಿಳಿದುಕೊಳ್ಳುವುದು ಒಳ್ಳೆಯದು.

ನೀರಿನ ರಾಸಾಯನಿಕಗಳು ಮೀನಿನ ಒಳಗೆ ಮುಖ್ಯವಾಗಿ ಎರಡು ದಾರಿಯಲ್ಲಿ ಹೋಗುತ್ತವೆ, ಕಿವಿರಿನ ಮೂಲಕ ಮತ್ತು ತಿಂದ ಆಹಾರದ ಮೂಲಕ. ಆಮೇಲಿನ ದೊಡ್ಡ ಕೆಲಸ ಲಿವರಿನದ್ದು. ಎಣ್ಣೆ ಮೆತ್ತಿದ ಪಾತ್ರೆ ಬರೀ ನೀರಿಗೆ ಹೋಗುವುದಿಲ್ಲ, ಸೋಪು ಬೇಕು ಅಲ್ವಾ? ಲಿವರ್ ಮಾಡುವುದೂ ಸುಮಾರು ಅದನ್ನೇ. ಮೊದಲ ಹಂತದಲ್ಲಿ ಸೈಟೋಕ್ರೋಮ್ ಪಿ450 ಎಂಬ ಕಿಣ್ವಗಳು ಎಣ್ಣೆಯಂಥ ರಾಸಾಯನಿಕಕ್ಕೆ ಆಮ್ಲಜನಕ ಸೇರಿಸಿ ಅದರ ರೂಪ ಬದಲಿಸುತ್ತವೆ. ಎರಡನೇ ಹಂತದಲ್ಲಿ ಗ್ಲುಟಾಥಿಯೋನ್‌ನಂಥ ವಸ್ತುವನ್ನು ಅದಕ್ಕೆ ಅಂಟಿಸಿ ನೀರಿನಲ್ಲಿ ಕರಗುವ ಹಾಗೆ ಮಾಡಲಾಗುತ್ತದೆ. ಕೊನೆಗೆ ಅದು ಪಿತ್ತ, ಮೂತ್ರ ಮತ್ತು ಕಿವಿರಿನ ದಾರಿಯಲ್ಲಿ ಹೊರಗೆ ಹೋಗುತ್ತದೆ. ನಮ್ಮ ಲಿವರಿನಲ್ಲೂ ಇದೇ ಏರ್ಪಾಡು ಉಂಟು.

ಹಾಗಾಗಿ ಹಡಗಿನಿಂದ ಸೋರಿದ ಎಣ್ಣೆಯ ಅಂಶವನ್ನು ಮೀನುಗಳು ಬಹುಮಟ್ಟಿಗೆ ಬೇಗನೇ ಒಡೆದು ಹೊರಹಾಕುತ್ತವೆ. ಮೀನಿಗೆ ಎಣ್ಣೆ ತಗಲಿದೆಯೇ ಎಂದು ನೋಡಲು ವಿಜ್ಞಾನಿಗಳು ಮಾಂಸವನ್ನಷ್ಟೇ ಅಲ್ಲ, ಪಿತ್ತವನ್ನೂ ಪರೀಕ್ಷಿಸುವುದು ಇದೇ ಕಾರಣಕ್ಕೆ. ಆದರೆ ಮರುವಾಯಿ, ಪಚ್ಚಿಲೆಗಳ ಕಥೆ ಬೇರೆ. ಅವು ಇದ್ದಲ್ಲೇ ಇದ್ದು ದಿನವಿಡೀ ನೀರು ಸೋಸಿ ತಿನ್ನುವ ಜೀವಿಗಳು. ಎಣ್ಣೆಯನ್ನು ಒಡೆಯುವ ಶಕ್ತಿ ಅವಕ್ಕೆ ಬಹಳ ಕಮ್ಮಿ, ಬಂದದ್ದು ಮೈಯಲ್ಲೇ ಉಳಿಯುತ್ತದೆ. ಅದಕ್ಕೇ 1975ರಲ್ಲಿ ಅಮೆರಿಕದ ಎಡ್ವರ್ಡ್ ಗೋಲ್ಡ್‌ಬರ್ಗ್ ಎಂಬ ವಿಜ್ಞಾನಿ, ಕಡಲಿನ ಮಾಲಿನ್ಯ ಅಳೆಯಲು ಪಚ್ಚಿಲೆಯನ್ನೇ ಕಾವಲುಗಾರನನ್ನಾಗಿ ಮಾಡೋಣ ಎಂದು ಸೂಚಿಸಿದರು. ಅಂದರೆ ಎಣ್ಣೆ ಸೋರಿದಾಗ ಮೊದಲು ಸಂಶಯ ಪಡಬೇಕಾದದ್ದು ದೂರದ ಕಡಲಿನ ಬಂಗುಡೆಯ ಮೇಲಲ್ಲ, ಎಣ್ಣೆ ತಾಗಿದ ಅಳಿವೆ ಬಾಗಿಲಿನ ಮರುವಾಯಿಯ ಮೇಲೆ.

ಇಲ್ಲಿಗೆ ಸಮಾಧಾನ ಪಟ್ಟುಕೊಂಡರೆ ಸಾಲದು. ಲಿವರ್ ರೂಪ ಬದಲಿಸಿದ್ದೆಲ್ಲ ವಿಷ ಕಳೆದುಕೊಳ್ಳುತ್ತದೆ ಎಂದಿಲ್ಲ. ಎಣ್ಣೆ, ಡಾಂಬರು, ಹೊಗೆಯಲ್ಲಿರುವ ಬೆಂಜೋಪೈರೀನ್ ಲಿವರಿಗೆ ಬಂದ ಮೇಲೆಯೇ ಹೆಚ್ಚು ಅಪಾಯಕಾರಿಯಾಗುತ್ತದೆ. ಇಂಥ ಮಾಲಿನ್ಯ ತುಂಬಿದ ಅಮೆರಿಕದ ಪ್ಯೂಜೆಟ್ ಸೌಂಡ್ ಎಂಬಲ್ಲಿ ತಳದ ಮೀನುಗಳ ಲಿವರಿನಲ್ಲಿ ಗಡ್ಡೆಗಳು ಕಂಡುಬಂದಿವೆ. ಇನ್ನು ಎಂಡೋಸಲ್ಫಾನ್. ಕಾಸರಗೋಡಿನಲ್ಲೂ ನಮ್ಮ ಜಿಲ್ಲೆಯ ಕೊಕ್ಕಡದ ಕಡೆಯೂ ಗೇರು ತೋಟಗಳ ಮೇಲೆ ಆಕಾಶದಿಂದ ಸಿಂಪಡಿಸಿದ ಆ ವಿಷದ ಪರಿಚಯವನ್ನು ನಮ್ಮ ಜನರಿಗೆ ಮಾಡಿಕೊಡಬೇಕಾಗಿಲ್ಲ. 2011ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಡೆಯಿತು. ಮೀನಿಗೆ ಅದು ತೀರಾ ಅಲ್ಪ ಪ್ರಮಾಣದಲ್ಲೂ ಪ್ರಾಣಾಂತಿಕ. ಮೈಯೊಳಗೆ ಅದು ಎಂಡೋಸಲ್ಫಾನ್ ಸಲ್ಫೇಟ್ ಆಗುತ್ತದೆ. ಹೆಸರು ಬದಲಾಯಿತು, ವಿಷ ಹೋಗಲಿಲ್ಲ. ಮೊದಲಿನದಕ್ಕಿಂತ ಹೆಚ್ಚು ಕಾಲ ಉಳಿಯುತ್ತದೆ ಕೂಡ.

ಲೋಹಗಳನ್ನಂತೂ ಒಡೆಯುವ ಪ್ರಶ್ನೆಯೇ ಇಲ್ಲ. ಕ್ಯಾಡ್ಮಿಯಂನಂಥ ಲೋಹವನ್ನು ಮೆಟಾಲೋಥಯೋನಿನ್ ಎಂಬ ಪ್ರೋಟೀನ್ ಹಿಡಿದು ಲಿವರ್, ಕಿಡ್ನಿಯಲ್ಲಿ ಕಟ್ಟಿಡುತ್ತದೆ. ಪಾದರಸ ಇನ್ನೂ ಕಷ್ಟದ್ದು. ಕೆಸರಿನ ಬ್ಯಾಕ್ಟೀರಿಯಾಗಳು ಅದನ್ನು ಮೀಥೈಲ್ ಪಾದರಸ ಮಾಡುತ್ತವೆ, ಅದು ಮೀನಿನ ಮಾಂಸಕ್ಕೇ ಅಂಟಿಕೊಳ್ಳುತ್ತದೆ. ಸಣ್ಣದನ್ನು ದೊಡ್ಡದು ತಿಂದ ಹಾಗೆ ಪಾದರಸವೂ ಮೇಲೆ ಮೇಲೆ ಏರುತ್ತದೆ. ತೊಳೆದರೆ, ಉಪ್ಪು ಹಾಕಿದರೆ, ಕಾಯಿಸಿದರೆ ಹೋಗುವುದಿಲ್ಲ. ಜಪಾನಿನ ಮಿನಮಾಟದಲ್ಲಿ ಒಂದು ಕಾರ್ಖಾನೆ 1932ರಿಂದ 1968ರವರೆಗೆ ಪಾದರಸದ ತ್ಯಾಜ್ಯವನ್ನು ಕೊಲ್ಲಿಗೆ ಬಿಟ್ಟಿತು. ಮೀನು ತಿಂದ ಬೆಕ್ಕುಗಳು ತೂರಾಡಿ ಸತ್ತವು. 1956ರಲ್ಲಿ ಮನುಷ್ಯರ ಕಾಯಿಲೆ ಅಧಿಕೃತವಾಗಿ ದಾಖಲಾಯಿತು. ನೋಡಲಿಕ್ಕೆ ಆರೋಗ್ಯವಾಗಿದ್ದ ತಾಯಂದಿರಿಗೂ ಮೆದುಳಿಗೆ ಹಾನಿಯಾದ ಮಕ್ಕಳು ಹುಟ್ಟಿದರು. ಅಲ್ಲಿಯವರು ತಿಂದದ್ದು ಕಳ್ಳ ವ್ಯಾಪಾರದ ಮೀನಲ್ಲ, ತಮ್ಮದೇ ಕೊಲ್ಲಿಯ ತಾಜಾ ಮೀನು.

ಹಾಗಾದರೆ ಅಡುಗೆ ಮನೆಯಲ್ಲಿ ಏನು ಮಾಡುವುದು? ಮೀನು ಬಿಡಬೇಕಾಗಿಲ್ಲ. ಬೂತಾಯಿ, ಬಂಗುಡೆಯಂಥ ಸಣ್ಣ ಮೀನುಗಳು ಕಡಲಿನ ಕೆಳಗಿನ ಮೆಟ್ಟಿಲಿನವು. ಅವುಗಳಲ್ಲಿ ಪಾದರಸ ಕಮ್ಮಿ, ಮೈಗೆ ಬೇಕಾದ ಒಳ್ಳೆಯ ಕೊಬ್ಬು ಜಾಸ್ತಿ, ಬೆಲೆಯೂ ಕೈಗೆಟಕುವಂಥದ್ದು. ನೆಂಟರು ಬಂದಾಗ ದೊಡ್ಡ ಮೀನೇ ಆಗಬೇಕೆಂಬ ಹಟ ನಮ್ಮದು. ಆದರೆ ಗರ್ಭಿಣಿಯರಿಗೆ, ಹಾಲೂಡಿಸುವ ತಾಯಂದಿರಿಗೆ, ಸಣ್ಣ ಮಕ್ಕಳಿಗೆ ತಾಟೆಯಂಥ ಬೇಟೆಗಾರ ಮೀನು ಬೇಡ. ಅಮೆರಿಕದ ಆರೋಗ್ಯ ಇಲಾಖೆ ಇವರಿಗೆ ಬೇಡವೆನ್ನುವ ಮೀನುಗಳ ಪಟ್ಟಿಯಲ್ಲಿ ನಮ್ಮ ಅಂಜಲಿನ ಬಳಗದ ಕಿಂಗ್ ಮ್ಯಾಕರೆಲ್ ಕೂಡ ಉಂಟು. ಪಾದರಸ ಕಮ್ಮಿಯಿರುವ ಮೀನನ್ನು ವಾರಕ್ಕೆ ಎರಡು ಮೂರು ಸಲ ತಿನ್ನಿ ಎಂದು ಹೇಳುವುದೂ ಅದೇ ಇಲಾಖೆ. ಮೀನು ಕೊಯ್ಯುವಾಗ ಕಿವಿರು, ಕರುಳು, ಲಿವರ್ ಬಿಸಾಡುವ ನಮ್ಮ ಉಮ್ಮಂದಿರ ಅಭ್ಯಾಸ ಸರಿಯಾದದ್ದೇ. ಏಡಿಯ ಚಿಪ್ಪಿನೊಳಗಿನ ಕಂದು ಭಾಗವನ್ನೂ ಅತಿಯಾಗಿ ತಿನ್ನಬಾರದು, ಏಡಿಯ ಲಿವರ್ ಇರುವುದು ಅಲ್ಲೇ.

ಒಂದು ಮಾತು ವ್ಯಾಪಾರಸ್ಥರಿಗೆ. ಈ ಶುದ್ಧೀಕರಣವೆಲ್ಲ ನಡೆಯುವುದು ಜೀವಂತ ಮೀನಿನಲ್ಲಿ. ಸತ್ತ ಮೀನಿಗೆ ಫಾರ್ಮಲಿನ್ ಹಾಕಿದರೆ ಅದನ್ನು ಹೊರಹಾಕುವವರು ಯಾರೂ ಇಲ್ಲ, ಅದು ನೇರ ತಟ್ಟೆಗೇ ಬರುತ್ತದೆ. ಮೀನು ಹಲಾಲ್ ಎನ್ನುವುದರಲ್ಲಿ ಸಂಶಯವಿಲ್ಲ. ಅದನ್ನು ತಯ್ಯಿಬ್ ಆಗಿ ಉಳಿಸುವುದು ಮಾರುವವನ ಅಮಾನತ್.

ಇನ್ನು ನಮ್ಮ ಒತ್ತಾಯ. ಹಡಗು ಮುಳುಗಿದಾಗ, ನದಿಯಲ್ಲಿ ಮೀನು ಸತ್ತು ತೇಲಿದಾಗ, ನೀರಿನ ಜೊತೆಗೆ ಮೀನು ಮತ್ತು ಮರುವಾಯಿಯನ್ನೂ ಪರೀಕ್ಷೆ ಮಾಡಿಸಿ ಫಲಿತಾಂಶವನ್ನು ಕೂಡಲೇ ಕನ್ನಡದಲ್ಲಿ ಪ್ರಕಟಿಸಬೇಕು. ಮಾಹಿತಿ ಇಲ್ಲದ ಕಡೆ ವದಂತಿ ಬೆಳೆಯುತ್ತದೆ, ಅದರ ಪೆಟ್ಟು ಬುಟ್ಟಿಯಲ್ಲಿ ಮೀನು ಮಾರುವವರಿಗೇ ಬೀಳುತ್ತದೆ. ನಮ್ಮ ಜಮಾಅತ್‌ಗಳೂ ಸುಮ್ಮನೆ ಕೂರಬಾರದು. ಗ್ಯಾರೇಜಿನ ಹಳೇ ಎಣ್ಣೆ, ಹಾಳಾದ ಟ್ಯೂಬ್‌ಲೈಟ್, ಬ್ಯಾಟರಿ, ಉಳಿದ ಕೀಟನಾಶಕ, ಇವೆಲ್ಲ ತೋಡಿಗೆ ಬಿದ್ದರೆ ನೇತ್ರಾವತಿ, ಫಲ್ಗುಣಿಯ ಮೂಲಕ ಸೇರುವುದು ಅದೇ ಅಳಿವೆಯನ್ನು. ಪ್ರತಿ ಮೊಹಲ್ಲಾದಲ್ಲಿ ಇವನ್ನು ಬೇರೆಯಾಗಿ ಸಂಗ್ರಹಿಸಿ ಪಂಚಾಯತ್ ಅಥವಾ ಪಾಲಿಕೆಗೆ ಒಪ್ಪಿಸುವ ಏರ್ಪಾಡು ಆಗಲಿ. ಇದಕ್ಕೆ ದೊಡ್ಡ ಖರ್ಚಿಲ್ಲ. ಈ ಮಳೆಗಾಲಕ್ಕೆ ಮೊದಲೇ ಶುರು ಮಾಡಬಹುದು.